ಮೂರನೆಯ ಪೆಪ್ಪರ್‌ಮಿಂಟ್

ಆಮ್‌ಸ್ಟರ್‌ಡ್ಯಾಮ್
14 ನವೆಂಬರ್ 1973

ಅಪ್ಪ,

ಇದು ನಾಲ್ಕನೆಯ ಪತ್ರ. ಹಿಂದಿನ ಮೂರಕ್ಕೂ ನೀವು ಉತ್ತರ ಬರೆದಿಲ್ಲ. ಅಂಚೆಯ ತಪ್ಪಿರಲಾರದು, ನಮ್ಮೂರ ಅಂಚೆಯವನು ದಿನಾ ನಿಮ್ಮ ಅಂಗಡಿಯಲ್ಲೇ ಸೈಕಲ್ಲಿಗೆ ಗಾಳಿ ಹೊಡೆಸಿಕೊಳ್ಳುತ್ತಾನೆ. ಕೋಪ ಮಾಡಿಕೊಂಡಿದ್ದೀರಿ. ಇರಲಿ. ಕೋಪ ಬಂದವರಿಗೂ ಓದಲು ಕಣ್ಣಿರುತ್ತದಲ್ಲ ಎಂದು ಬರೆಯುತ್ತಿದ್ದೇನೆ.

ಹೋದ ತಿಂಗಳು ರೇಡಿಯೊದಲ್ಲಿ ಹತ್ತು ನಿಮಿಷ ಮಾತಾಡಿದೆ. ನಮ್ಮ ಚರ್ಚು, ತೀರಿಹೋದ ಹಳೆಯ ಪಾದ್ರಿಗಳ ಮೂರು ಭಾಗದ ಉಪದೇಶ, ಒಂದೊಂದು ಭಾಗಕ್ಕೆ ಒಂದೊಂದರಂತೆ ಮೂರು ಪೆಪ್ಪರ್‌ಮಿಂಟ್ ಚೀಪಿ ಎರಡು ಗಂಟೆ ಕಳೆಯುವ ನಮ್ಮ ಜನ, ಇಷ್ಟೇ ವಿಷಯ. ಮರುದಿನವೇ ಒಬ್ಬರು ಕರೆ ಮಾಡಿ, "ಹತ್ತು ನಿಮಿಷ ಸಾಲಲ್ಲಮ್ಮ, ಎರಡು ಗಂಟೆ ಮಾಡು, ಎಪ್ಪತ್ತು ಊರಲ್ಲಿ ಆಡಿಸ್ತೀನಿ" ಎಂದರು. ಹನ್ನೊಂದು ವರ್ಷ ಹೋಟೆಲುಗಳ ಹಿಂದಿನ ಕೋಣೆಗಳಲ್ಲಿ, ಬಿಯರ್ ಕುಡಿಯುವವರ ಗದ್ದಲದ ಮಧ್ಯೆ ನಿಂತು ಮಾತಾಡಿದವಳಿಗೆ ಈಗ ನಿಜವಾದ ರಂಗಮಂದಿರಗಳು ಸಿಕ್ಕಿವೆ.

ಕ್ಯಾಬರೆ ಎಂದರೆ ಅರೆಬಟ್ಟೆಯಲ್ಲಿ ಕಾಲೆತ್ತಿ ಕುಣಿಯುವುದು ಎಂದು ಊರಲ್ಲಿ ಹೇಳುತ್ತಾರಂತೆ. ಅಪ್ಪ, ನಾನು ಅಮ್ಮನ ಬೂದು ಸ್ವೆಟರ್ ಹಾಕಿಕೊಂಡು ಒಬ್ಬಳೇ ನಿಂತು ಮಾತಾಡುತ್ತೇನೆ. ನಡುವೆ ಹಾಡುತ್ತೇನೆ, ಪಕ್ಕದಲ್ಲಿ ಒಬ್ಬ ಪಿಯಾನೊ ನುಡಿಸುತ್ತಾನೆ. ಜನ ನಗುತ್ತಾರೆ, ಆಮೇಲೆ ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ. ಅಷ್ಟೇ.

ಎಪ್ಪತ್ತು ಊರಿನವರು ಬಂದು ನಕ್ಕರೂ ನೀವು ಒಂದು ಸಲ ಬಂದು ಕೇಳದಿದ್ದರೆ ನನಗೆ ಏನೋ ಬಾಕಿ ಉಳಿದಂತೆಯೇ. ಸುತ್ತಿ ಬಳಸಿ ಹೇಳಲು ನನಗೆ ಬರುವುದಿಲ್ಲ. ಬನ್ನಿ.

ನಿಮ್ಮ ಮಗಳು
ಲೆವಿನಾ

•

ಔಡೆಪೋಲ್ಡರ್
3 ಡಿಸೆಂಬರ್ 1973

ಲೇ ಲೆವಿನಾ,

ನಿನ್ನಪ್ಪ ಬರೆಯುವುದಿಲ್ಲ, ನಾನು ಬರೆಯುತ್ತೇನೆ. ನಿನ್ನಮ್ಮ ಇದ್ದಿದ್ದರೆ ಈ ಕೆಲಸ ಅವಳದಾಗಿತ್ತು. ಈಗ ತಂಗಿಯ ಪಾಲಿಗೆ ಬಂದಿದೆ.

ನಮ್ಮೂರಲ್ಲಿ ಅಂಥ ಕಾರ್ಯಕ್ರಮವನ್ನು ಯಾರೂ ಕೇಳುವುದಿಲ್ಲ ತಾನೇ? ಕೇಳುವುದೇ ಇಲ್ಲ. ಆದರೂ ಮರುದಿನ ಹತ್ತು ಗಂಟೆಯ ಕಾಫಿಯ ಹೊತ್ತಿಗೆ ನೀನು ಹೇಳಿದ್ದು ಅಕ್ಷರ ಬಿಡದೆ ಎಲ್ಲರಿಗೂ ಬಾಯಿಪಾಠ. ಅದು ಹೇಗೋ ದೇವರೇ ಬಲ್ಲ. ಕಾರ್ಯಕ್ರಮ ಬಂದ ಸಂಜೆ ನಿನ್ನಪ್ಪ ನನ್ನ ಸೈಕಲ್ಲಿನ ಚೈನು ಸರಿಮಾಡುತ್ತೇನೆ ಎಂದು, ರೇಡಿಯೊ ಇರುವ ನನ್ನ ಅಡುಗೆಮನೆಗೆ ಬಂದಿದ್ದ. ಚೈನು ಚೆನ್ನಾಗಿಯೇ ಇತ್ತು. ನಾನು ಏನೂ ಹೇಳುವುದಿಲ್ಲ.

ಈಗ ಪೆಟ್ರೋಲಿಲ್ಲ ಎಂದು ಭಾನುವಾರ ಕಾರು ಓಡಿಸಬಾರದೆಂದು ಸರಕಾರ ಹೇಳಿದೆಯಲ್ಲ, ಚರ್ಚಿನ ಹಿರಿಯ ಇಸಾಕನಿಗೆ ಹಿಗ್ಗೋ ಹಿಗ್ಗು. "ಭಾನುವಾರ ದೇವರ ದಿನ ಅಂತ ನೂರು ವರ್ಷದಿಂದ ನಾವು ಬಡ್ಕೊಂಡಿದ್ದು ಇದನ್ನೇ!" ಎನ್ನುತ್ತ ತಿರುಗುತ್ತಾನೆ. ಊರಿನ ಗಂಡಸರೆಲ್ಲ ಕೊಟ್ಟಿಗೆಯಲ್ಲಿ ಕೊಳೆಯುತ್ತಿದ್ದ ಸೈಕಲ್ ಎಳೆದು ತಂದು ಭಾವನ ಅಂಗಡಿಯ ಮುಂದೆ ಸಾಲು ನಿಂತಿದ್ದಾರೆ. ಇಸಾಕನೂ ಬಂದ. ಚಕ್ರ ಬದಲಾಯಿಸಿಕೊಂಡು, ಬೆಲ್ ಹಾಕಿಸಿಕೊಂಡು, ಆಮೇಲೆ ಬಾಯಿ ಬಿಟ್ಟ.

"ಮರೀನುಸ್, ನಿನ್ನ ಮಗಳು ದೇವರ ಮನೆಯನ್ನ ಸಂತೆ ಮಾಡಿದ್ಲು. ನೀನು ಅವಳ ಆಟಕ್ಕೆ ಹೋದೆ ಅಂತ ಕಿವಿಗೆ ಬಿತ್ತೋ, ಆರ್ಗನ್ ಮುಂದೆ ಬೇರೆಯವರನ್ನ ಕೂರಿಸ್ಬೇಕಾಗುತ್ತೆ. ಹಿರಿಯರ ಸಭೆ ಹಾಗಂತ ತೀರ್ಮಾನ ಮಾಡಿದೆ."

ಭಾವ ಏನಂದ ಗೊತ್ತೇ? "ಬೆಲ್ ಒಂದ್ಸಲ ಹೊಡೆದು ನೋಡು" ಎಂದ. ಅಷ್ಟೇ. ಆದರೆ ಮೂವತ್ತೊಂದು ವರ್ಷದಿಂದ ಅವನು ಕೂತು ಆರ್ಗನ್ ನುಡಿಸುವ ಮಣೆ ಅದು. ನಿನ್ನಮ್ಮನನ್ನು ಮಣ್ಣು ಮಾಡಿದ ದಿನವೂ ಅಲ್ಲೇ ಕೂತು ನುಡಿಸಿದ. ಅದನ್ನು ಕಿತ್ತುಕೊಂಡರೆ ಅವನಿಗೆ ಭಾನುವಾರವೇ ಇರುವುದಿಲ್ಲ.

ಆ ರಾತ್ರಿ ಊಟಕ್ಕೆ ಕೂತಾಗ ನನ್ನ ಹತ್ತಿರ ಒಂದೇ ಮಾತು ಹೇಳಿದ: "ಮೇಜಿನ ಮಾತನ್ನ ಬೀದಿಗೆ ಹಾಕಿದ್ಲು, ಕ್ರೈನಾ." ಅವನ ಸಂಕಟ ಚರ್ಚಿನದಲ್ಲ ಕಣೇ, ಮೇಜಿನದು. ಯೋಚನೆ ಮಾಡು.

ಇಸಾಕನ ಮಂಡಿ ಹಾಗೇ ಇದೆ. ಪ್ರಾರ್ಥನೆಗೆ ಗಂಡಸರೆಲ್ಲ ಏಳುವಾಗ ಅವನದು ಹಳೇ ಬಾಗಿಲಿನ ಹಾಗೆ ಕಿರುಗುಟ್ಟುತ್ತದೆ. ನಾವು ಹೆಂಗಸರು ಕೂತವರು ಕೂತಲ್ಲೇ ತುಟಿ ಕಚ್ಚಿಕೊಳ್ಳುತ್ತೇವೆ. ಇದನ್ನು ಆಟದಲ್ಲಿ ಹಾಕಬೇಡ, ಹಾಕಿದರೆ ನಾನು ಹೇಳಿದ್ದೆಂದು ಹೇಳಬೇಡ.

ನಿನ್ನ ಚಿಕ್ಕಮ್ಮ
ಕ್ರೈನಾ

•

ಗ್ರೋನಿಂಗನ್
9 ಫೆಬ್ರವರಿ 1974

ಅಪ್ಪ,

ತಪ್ಪಾಯಿತು. ಹೇಳಿದ್ದಕ್ಕಲ್ಲ, ಕೇಳದೆ ಹೇಳಿದ್ದಕ್ಕೆ.

ಭಾನುವಾರ ಚರ್ಚಿನಿಂದ ಬಂದು ಸೂಪಿಗೆ ಕೂತಾಗ ನೀವು ಕರವಸ್ತ್ರವನ್ನು ಕುತ್ತಿಗೆಗೆ ಸಿಕ್ಕಿಸಿಕೊಂಡು ಹಳೆಯ ಪಾದ್ರಿಗಳಾಗುತ್ತಿದ್ದಿರಿ. ಆರ್ಗನ್ನಿನ ಮೇಲಿನ ಕನ್ನಡಿಯಲ್ಲಿ ನಿಮಗೆ ಕಂಡದ್ದು, ಯಾರು ತೂಕಡಿಸಿದರು, ಯಾರು ಯಾರ ಟೋಪಿ ನೋಡಿದರು, ಎಲ್ಲ ಹೇಳುತ್ತಿದ್ದಿರಿ. ಅಮ್ಮ ನಗು ತಡೆಯಲಾರದೆ ಒಂದು ಸಲ ಸೂಪನ್ನು ಮೇಜಿನ ಬಟ್ಟೆಯ ಮೇಲೆಲ್ಲ ಉಗಿದಳು, ನೆನಪಿದೆಯಾ? ಆಗ ನನಗೆ ಏಳು ವರ್ಷ. ನನ್ನಪ್ಪನಿಗಿಂತ ದೊಡ್ಡವರು ಈ ಭೂಮಿಯ ಮೇಲೆ ಯಾರೂ ಇಲ್ಲ ಎಂದುಕೊಂಡಿದ್ದೆ. ಇಂದಿಗೂ ವೇದಿಕೆಯ ಮೇಲೆ ನಾನು ಮಾಡುವುದು ಅಮ್ಮನಿಂದ ಸೂಪು ಉಗುಳಿಸುವ ಕೆಲಸವನ್ನೇ. ಈ ವಿದ್ಯೆ ನಾನು ಬೇರೆ ಯಾರಿಂದಲೂ ಕಲಿಯಲಿಲ್ಲ.

ಆಟ ಶುರುವಾಗಿದೆ. ಉಪದೇಶದ ಹಾಗೆ ಅದಕ್ಕೂ ಮೂರು ಭಾಗ, ಹೆಸರು 'ಮೂರು ಪೆಪ್ಪರ್‌ಮಿಂಟ್'. ಇಲ್ಲಿ ಗ್ರೋನಿಂಗನ್ನಿನಲ್ಲಿ ನಿನ್ನೆ ಜನ ಎರಡು ಗಂಟೆ ಕಲ್ಲಿನ ಹಾಗೆ ಕೂತಿದ್ದರು. ಸತ್ತೆ ಎಂದುಕೊಂಡೆ. ಮುಗಿದ ಮೇಲೆ, ಬಾಗಿಲಲ್ಲಿ ಜನರ ಕೋಟು ಇಟ್ಟುಕೊಂಡು ವಾಪಸು ಕೊಡುವ ಹೆಂಗಸು ನನ್ನ ಕೈ ಹಿಡಿದು, "ಪರವಾಗಿಲ್ಲ, ಇದಕ್ಕಿಂತ ಕೆಟ್ಟದಾಗಿ ಮಾಡಬಹುದಿತ್ತು" ಎಂದಳು. ಪಿಯಾನೊದವನು ಈ ಊರಿನವನೇ, ಅವನ ಕಣ್ಣಲ್ಲಿ ನೀರು. "ಲೆವಿನಾ, ನಮ್ಮಪ್ಪ ಮದುವೆಯ ದಿನ ನಮ್ಮಮ್ಮನನ್ನೂ ಇಷ್ಟು ಹೊಗಳಿರಲಿಲ್ಲ!" ಎಂದ. ಪತ್ರಿಕೆಗಳೂ ಹೊಗಳಿವೆ. ಕತ್ತರಿಸಿ ಕಳಿಸುವುದಿಲ್ಲ, ನಿಮಗೆ ಜಂಬ ಹಿಡಿಸುವುದಿಲ್ಲವೆಂದು ಗೊತ್ತು.

ಲೆವಿನಾ

•

ಔಡೆಪೋಲ್ಡರ್
22 ಏಪ್ರಿಲ್ 1974

ಲೆವಿನಾ,

ನಿನ್ನ ಪತ್ರಗಳು ತಲುಪಿವೆ. ಈ ವರ್ಷ ಅಂಗಡಿಯಲ್ಲಿ ಕೆಲಸ ಹೆಚ್ಚು. ಆರೋಗ್ಯವಾಗಿದ್ದೇನೆ.

ಮನೆಯ ಮೇಜಿನಲ್ಲಿ ಆಡಿದ್ದು ಮನೆಯದು. ಕೇಳಿದ್ದರೆ ಬೇಡ ಎನ್ನುತ್ತಿದ್ದೆ. ಅದಕ್ಕೇ ನೀನು ಕೇಳಲಿಲ್ಲ.

ಇನ್ನೊಂದು ವಿಷಯ. ಎರಡನೆಯ ಪೆಪ್ಪರ್‌ಮಿಂಟ್ ನೀನು ಹೇಳಿದ ಜಾಗದಲ್ಲಿ ಬರುವುದಿಲ್ಲ. ಮೊದಲ ಭಾಗ ಮುಗಿದ ಮೇಲೆ ನಡುವೆ ಒಂದು ಕೀರ್ತನೆ ಇದೆ. ಆರ್ಗನ್ನಿನ ಕೊನೆಯ ಸ್ವರ ಪೂರ್ತಿ ನಿಲ್ಲಬೇಕು. ಆಮೇಲೆ ಹಳೆಯ ಪಾದ್ರಿಗಳು ಎರಡು ಸಲ ಕೆಮ್ಮುತ್ತಿದ್ದರು. ಎರಡನೆಯ ಕೆಮ್ಮಿಗೆ ಜನ ಜೇಬಿಗೆ ಕೈ ಹಾಕುತ್ತಿದ್ದರು. ನೀನು ಕೆಮ್ಮನ್ನೇ ಬಿಟ್ಟಿದ್ದೀಯ. ಮಾಡುವುದಾದರೆ ಸರಿಯಾಗಿ ಮಾಡಬೇಕು.

ನಾನು ಬರುವುದಿಲ್ಲ.

ಮರೀನುಸ್ ಲೇಂಡರ್ಟ್ಸೆ
ಸೈಕಲ್ ರಿಪೇರಿ, ಔಡೆಪೋಲ್ಡರ್

•

ಯುಟ್ರೆಕ್ಟ್
6 ಮೇ 1974

ಅಪ್ಪ,

ಸಿಕ್ಕಿಬಿದ್ದಿರಿ! ನಮ್ಮ ಮನೆಯಲ್ಲಿ ರೇಡಿಯೊ ಇಲ್ಲ. ನಾನು ಕೆಮ್ಮು ಬಿಟ್ಟಿದ್ದು ನಿಮಗೆ ಕನಸಿನಲ್ಲಿ ಗೊತ್ತಾಯಿತೇ? ಪತ್ರ ಓದಿ ರೈಲಿನಲ್ಲಿ ಒಬ್ಬಳೇ ಗಟ್ಟಿಯಾಗಿ ನಕ್ಕೆ, ಆಮೇಲೆ ಸ್ವಲ್ಪ ಅತ್ತೆ. ಎದುರಿಗಿದ್ದ ಅಜ್ಜಿ ಬೇರೆ ಡಬ್ಬಿಗೆ ಹೋಗಿ ಕೂತಳು.

ನಿನ್ನೆಯ ಆಟದಲ್ಲಿ ಕೆಮ್ಮು ಸೇರಿಸಿದೆ. ಪಿಯಾನೊದ ಕೊನೆಯ ಸ್ವರ ಪೂರ್ತಿ ನಿಲ್ಲುವವರೆಗೆ ಕಾದೆ. ಒಂದು ಕೆಮ್ಮು. ಏನೂ ಆಗಲಿಲ್ಲ. ಎರಡನೆಯ ಕೆಮ್ಮು. ಕೈ ಜೇಬಿಗೆ ಹೋಯಿತು ನೋಡಿ, ನಗುವಿಗೆ ಸಭಾಂಗಣದ ಸೂರೇ ಹಾರಿಹೋಯಿತು! ಚರ್ಚಿನ ಮುಖ ನೋಡದವರೂ ನಕ್ಕರು. ಆರು ತಿಂಗಳಿಂದ ಆ ಜಾಗದಲ್ಲಿ ಏನೋ ಕೊರತೆ ಎಂದು ನಾನು ಒದ್ದಾಡುತ್ತಿದ್ದೆ. ನೀವು ನಾಲ್ಕು ಸಾಲಿನಲ್ಲಿ ಸರಿಮಾಡಿಬಿಟ್ಟಿರಿ.

ಅಕ್ಟೋಬರ್ 18, ಶುಕ್ರವಾರ, ಮಿಡ್ಡಲ್‌ಬರ್ಗ್. ನಮ್ಮೂರಿನಿಂದ ಹದಿನಾಲ್ಕು ಕಿಲೋಮೀಟರು, ಇದಕ್ಕಿಂತ ಹತ್ತಿರ ನಾನು ಬರಲಾರೆ. ಏಳನೆಯ ಸಾಲು, ದಾರಿಯ ಪಕ್ಕದ ಕುರ್ಚಿ. ಟಿಕೆಟ್ ಇದರೊಳಗಿದೆ.

ಲೆವಿನಾ

•

ಔಡೆಪೋಲ್ಡರ್
30 ಆಗಸ್ಟ್ 1974

ಲೆವಿನಾ,

ಟಿಕೆಟ್ ಬಂದಿದೆ. ವಾಪಸು ಕಳಿಸಬೇಕೆಂದಿದ್ದೆ, ಅಂಗಡಿಯಲ್ಲಿ ಎಲ್ಲೋ ಇಟ್ಟಿದ್ದೇನೆ, ಸಿಗುತ್ತಿಲ್ಲ. ಸಿಕ್ಕಾಗ ಕಳಿಸುತ್ತೇನೆ.

ಸಭೆಯವರು ಮತ್ತೆ ಕೇಳಿದರು. ಹೋದರೆ ಮಣೆ ಬಿಡಬೇಕು. ಹೊಸ ಪಾದ್ರಿಗಳು ಚಿಕ್ಕವರು, ಬಂದು ಎರಡು ವರ್ಷವಾಯಿತು, ಇಸಾಕ್ ಹೇಳಿದ್ದಕ್ಕೆ ತಲೆದೂಗುತ್ತಾರೆ. ನನಗೀಗ ಅರವತ್ತಾರು. ಆರ್ಗನ್ ಬಿಟ್ಟರೆ ನನ್ನ ಹತ್ತಿರ ಏನಿದೆ ಎಂದು ನಿನಗೆ ಗೊತ್ತು.

ಕ್ರೈನಾ ಏಣಿಯಿಂದ ಬಿದ್ದು ಸೊಂಟ ಮುರಿದುಕೊಂಡಿದ್ದಾಳೆ. ನಾಲಿಗೆಗೆ ಏನೂ ಆಗಿಲ್ಲ.

ಮರೀನುಸ್ ಲೇಂಡರ್ಟ್ಸೆ
ಸೈಕಲ್ ರಿಪೇರಿ, ಔಡೆಪೋಲ್ಡರ್

•

ಮಿಡ್ಡಲ್‌ಬರ್ಗ್
19 ಅಕ್ಟೋಬರ್ 1974

ನನ್ನ ಚಿಕ್ಕಮ್ಮ,

ಸೊಂಟ ಮುರಿದುಕೊಂಡು ಮಲಗಿದ್ದೀಯ, ಒಂದಕ್ಷರ ಬಿಡದೆ ಬರೆಯಬೇಕೆಂದು ಆಜ್ಞೆ ಮಾಡಿದ್ದೀಯ. ದಿಂಬು ಸರಿಮಾಡಿಕೊಂಡು ಕೇಳು.

ನಿನ್ನೆ ಏಳು ಗಂಟೆಗೆ ನಾನು ಒಳಗೆ ಮುಖಕ್ಕೆ ಬಣ್ಣ ಹಚ್ಚಿಕೊಳ್ಳುತ್ತಿದ್ದೆ. ಟಿಕೆಟ್ ಹರಿಯುವ ಹುಡುಗಿ ಬಂದಳು.

"ಮೇಡಂ, ಏಳನೇ ಸಾಲಲ್ಲಿ ಒಬ್ಬ ತಾತ ಆಗ್ಲೇ ಬಂದು ಕೂತಿದ್ದಾರೆ. ಕಪ್ಪು ಸೂಟು, ತೊಡೆ ಮೇಲೆ ಟೋಪಿ. ಶುರುವಾಗೋಕೆ ಇನ್ನೂ ಒಂದೂಕಾಲು ಗಂಟೆ ಇದೆ ಅಂದೆ, ಗೊತ್ತು ಅಂದ್ರು. ಯಾರಾದ್ರೂ ತೀರ್ಕೊಂಡಿದಾರಾ ತಾತ ಅಂತ ಕೇಳ್ಬಿಟ್ಟೆ."

"ಅದಕ್ಕೇನಂದ್ರು?"

"'ಇನ್ನೂ ಇಲ್ಲ' ಅಂದ್ರು."

ಅಪ್ಪ ಮಣೆ ಬಿಟ್ಟು ಬಂದಿದ್ದಾರೆ, ಚಿಕ್ಕಮ್ಮ! ನನಗೆ ಖುಷಿಯಾಗಬೇಕಿತ್ತು. ಆದರೆ ಇವತ್ತು ಚೆನ್ನಾಗಿ ಆಗದಿದ್ದರೆ ಅವರ ಮೂವತ್ತೊಂದು ವರ್ಷವನ್ನು ನಾನು ತಿಂದ ಹಾಗೆ ಎಂದು ಭಯವಾಯಿತು.

ವೇದಿಕೆಗೆ ಬಂದಾಗ ದಾರಿಯ ಪಕ್ಕದಲ್ಲಿ ಎರಡು ಮಿಣುಕು ಕಂಡವು. ಪ್ಯಾಂಟು ಚೈನಿಗೆ ಸಿಕ್ಕದಿರಲೆಂದು ಕಾಲಿಗೆ ಹಾಕಿದ್ದ ಸೈಕಲ್ ಕ್ಲಿಪ್ಪು. ತೆಗೆಯುವುದನ್ನೇ ಮರೆತಿದ್ದರು. ಮುಖ ಮಾತ್ರ ಉಪದೇಶ ಕೇಳುವ ಮುಖ. ಜನ ನಕ್ಕಾಗಲೂ ಅದೇ. ಮೊದಲ ಭಾಗ ಶುರುವಾಗುವಾಗ ಒಂದು ಪೆಪ್ಪರ್‌ಮಿಂಟ್ ಬಾಯಿಗೆ ಹಾಕಿಕೊಂಡು, ಪೊಟ್ಟಣವನ್ನು ಪಕ್ಕದವಳಿಗೆ ದಾಟಿಸಿದರು! ಯಾವಳೋ ಪಟ್ಟಣದ ಹೆಂಗಸು, ಕಿವಿಗೆ ದೊಡ್ಡ ಓಲೆ. ಅವಳು ಬೆಪ್ಪಾಗಿ ಒಂದು ತಗೊಂಡು ಆಚೆಯವನಿಗೆ ಕೊಟ್ಟಳು. ಹಾಗೇ ಸಾಲಿನ ತುದಿಯವರೆಗೆ ಹೋಗಿ ವಾಪಸು ಬಂತು. ಎರಡನೆಯ ಭಾಗದಲ್ಲಿ ಪಿಯಾನೊ ನಿಂತು, ನಾನು ಒಂದು ಸಲ ಕೆಮ್ಮಿ, ಎರಡನೆಯ ಸಲ ಕೆಮ್ಮಿದೆ. ಏಳನೆಯ ಸಾಲಿನಲ್ಲಿ ಅಪ್ಪನ ಕೈ ತಾನಾಗಿಯೇ ಜೇಬಿಗೆ ಹೋಯಿತು. ವೇದಿಕೆಯ ಮೇಲೆ ನನ್ನ ಕೈ, ಕೆಳಗೆ ಅವರ ಕೈ. ಆ ಸಾಲಿನವರೆಲ್ಲ ಅದನ್ನು ನೋಡಿ ಕಣ್ಣೀರು ಬರುವಂತೆ ನಕ್ಕರು.

ಈಗ ಮೂರನೆಯದು. ಅದರ ಕೊನೆಯಲ್ಲಿ ನಾನು ಹಳೆಯ ಪಾದ್ರಿಗಳ ಸ್ವರದಲ್ಲಿ, ಅದೇ ಗಂಟಲು, ಅದೇ ಎಳೆತ, "ಪ್ರಾ...ರ್ಥಿಸೋಣ" ಎನ್ನುತ್ತೇನೆ. ಒಂದು ಉಸಿರು ಸುಮ್ಮನಿದ್ದು, "ಅಷ್ಟರಲ್ಲಿ ನಮ್ಮಪ್ಪ ಮೂರನೆಯ ಪೆಪ್ಪರ್‌ಮಿಂಟ್ ತೆಗೀತಾರೆ" ಎಂದರೆ ಜನ ನಗಬೇಕು. ಐವತ್ತು ಊರಲ್ಲಿ ಹಾಗೇ ನಡೆದಿತ್ತು.

ನಿನ್ನೆ "ಪ್ರಾರ್ಥಿಸೋಣ" ಎಂದೆ. ಆ ಒಂದು ಉಸಿರಿನ ಮೌನದಲ್ಲಿ 'ಟಪ್' ಎಂದಿತು. ಇಲ್ಲಿಯ ಕುರ್ಚಿಗಳು ಎದ್ದ ಕೂಡಲೇ ತಾವಾಗಿ ಮಡಚಿಕೊಳ್ಳುವಂಥವು. ನೋಡಿದರೆ ಅಪ್ಪ ಎದ್ದು ನಿಂತಿದ್ದಾರೆ! ಟೋಪಿ ಎದೆಗೆ, ತಲೆ ಬಗ್ಗಿಸಿ, ಕಣ್ಣು ಮುಚ್ಚಿ. ಇಪ್ಪತ್ತಾರು ವರ್ಷ ಆ ಸ್ವರ ಕೇಳಿ ಎದ್ದ ಕಾಲು, ಚಿಕ್ಕಮ್ಮ, ಯೋಚನೆ ಮಾಡಲು ಸಮಯ ಕೊಡಲಿಲ್ಲ. ಅಷ್ಟರಲ್ಲಿ ಹಿಂದೆಲ್ಲೋ ಇನ್ನೊಂದು ಟಪ್. ಎಡಕ್ಕೊಂದು. ಬಾಲ್ಕನಿಯಲ್ಲಿ ಎರಡು. ಆಮೇಲೆ ಅಲ್ಲಲ್ಲಿ ಇನ್ನೈದು. ಕೊನೆಗೆ ಕಂಬದ ಮರೆಯಿಂದ ಒಂದು ಉದ್ದ ಕಿರುಗುಟ್ಟುವಿಕೆ, ಆಮೇಲೆ ಟಪ್. ಇಡೀ ಪ್ರಪಂಚದಲ್ಲಿ ಹಾಗೆ ಕಿರುಗುಟ್ಟುವ ಮಂಡಿ ಒಂದೇ.

ಹನ್ನೊಂದು ಜನ! ಔಡೆಪೋಲ್ಡರಿನ ಹನ್ನೊಂದು ಗಂಡಸರು, ಒಬ್ಬರಿಗೊಬ್ಬರು ಹೇಳದೆ ಕದ್ದು ಬಂದವರು, ಆರುನೂರು ಜನರ ಮಧ್ಯೆ ಕಣ್ಣು ಮುಚ್ಚಿ ಗೂಟದ ಹಾಗೆ ನಿಂತಿದ್ದರು.

ಜನ ನನ್ನ ಕಡೆ ನೋಡಿದರು. ನನ್ನ ನಾಲಿಗೆಯ ತುದಿಗೆ ಒಂದಲ್ಲ, ಮೂರು ಮಾತು ಬಂದು ಕೂತವು. ಯಾವುದನ್ನು ಬಿಟ್ಟಿದ್ದರೂ ಸಭೆ ಬಿದ್ದು ಬಿದ್ದು ನಗುತ್ತಿತ್ತು. ಇಸಾಕ್ ಜನ್ಮದಲ್ಲಿ ತಲೆ ಎತ್ತುತ್ತಿರಲಿಲ್ಲ. ನಿಜ ಹೇಳುತ್ತೇನೆ, ಆಸೆಯಾಯಿತು. ಆದರೆ ಅವನ ಪಕ್ಕದ ಕಂಬದಷ್ಟೇ ನೇರವಾಗಿ ಅಪ್ಪನೂ ನಿಂತಿದ್ದರು. ಇನ್ನೊಂದು ಸಲ ಅವರದನ್ನು ಕೇಳದೆ ನಗೆಗೆ ಹಾಕಲು ನನಗೆ ಮನಸ್ಸಾಗಲಿಲ್ಲ.

ಪಾದ್ರಿಗಳ ಸ್ವರ ಬಿಟ್ಟೆ. ಅಪ್ಪನ ಪ್ರಾರ್ಥನೆ ಮುಗಿದ ಮೇಲೆ ಅಮ್ಮ ಮೆಲ್ಲಗೆ ಸೇರಿಸುತ್ತಿದ್ದಳಲ್ಲ, ಅದನ್ನು ನನ್ನ ಸ್ವರದಲ್ಲೇ ಹೇಳಿದೆ: "ಈ ಆಲೂಗಡ್ಡೆಗೆ, ಈ ಒಲೆಗೆ, ಮೇಜಿನ ಸುತ್ತ ಕೂತವರಿಗೆ, ಇವತ್ತು ಬರೋಕಾಗದೆ ಇರೋರಿಗೆ, ಎಲ್ಲದಕ್ಕೂ ನಿನಗೆ ವಂದನೆ."

"ಆಮೆನ್" ಎಂದಿತು ಹನ್ನೊಂದು ದಪ್ಪ ಕಂಠ. ಆಮೇಲೆ ಕಣ್ಣು ಬಿಟ್ಟರು. ತಾವು ಎಲ್ಲಿದ್ದೇವೆಂದು ನೋಡಿದರು, ಒಬ್ಬರನ್ನೊಬ್ಬರು ನೋಡಿದರು. ಆ ಮುಖಗಳನ್ನು ನಿನಗೆ ಹೇಗೆ ತೋರಿಸಲಿ! ಇಸಾಕ್ ಬೀಟ್ ಗೆಡ್ಡೆಯ ಬಣ್ಣಕ್ಕೆ ತಿರುಗಿದ್ದ.

ನಾನು ಹೇಳಿದೆ: "ಹನ್ನೆರಡು ವರ್ಷದಿಂದ ಈ ಕೆಲಸ ಮಾಡ್ತಿದ್ದೀನಿ. ಆಟ ಮುಗಿಯೋ ಮುಂಚೆನೇ ಜನ ನನಗೋಸ್ಕರ ಎದ್ದು ನಿಂತಿದ್ದು ಇದೇ ಮೊದಲು. ಕೂತ್ಕೊಳಿ ಸ್ವಾಮಿ, ಕಾಲು ನೋಯುತ್ತೆ."

ಅಬ್ಬಾ, ಆ ನಗು! ಆ ಹನ್ನೊಂದು ಜನವೇ ಎಲ್ಲರಿಗಿಂತ ಗಟ್ಟಿಯಾಗಿ ನಕ್ಕರು. ಕೊನೆಯ ಹಾಡು ಮುಗಿದಾಗ ಇಡೀ ಸಭಾಂಗಣ ಎದ್ದಿತು. ನಮ್ಮ ದೇಶದಲ್ಲಿ ಎಲ್ಲ ಆಟಕ್ಕೂ ಏಳುತ್ತಾರೆ, ಬೇಗ ಕೋಟು ಸಿಗಲಿ ಎಂದು. ನಿನ್ನೆ ಮಾತ್ರ ಯಾರೂ ಕೋಟಿನ ಕಡೆ ಓಡಲಿಲ್ಲ. ಹತ್ತು ನಿಮಿಷ ನಿಂತೇ ಚಪ್ಪಾಳೆ ತಟ್ಟಿದರು. ಒಬ್ಬರೇ ಒಬ್ಬರು ಕೂತಿದ್ದರು, ಏಳನೆಯ ಸಾಲಿನಲ್ಲಿ. ನಿಂತವರ ಮಧ್ಯದ ಸಂದಿಯಿಂದ ನೋಡಿದೆ. ಅಪ್ಪ ನಿಧಾನವಾಗಿ ಜೇಬಿಗೆ ಕೈ ಹಾಕಿ, ಮೂರನೆಯ ಪೆಪ್ಪರ್‌ಮಿಂಟ್ ತೆಗೆದು, ನನ್ನನ್ನೇ ನೋಡುತ್ತ ಬಾಯಿಗೆ ಹಾಕಿಕೊಂಡರು.

ಬಣ್ಣ ತೊಳೆದು ಹೊರಗೆ ಬರುವಷ್ಟರಲ್ಲಿ ಹೊರಟುಹೋಗಿದ್ದರು. ಮಣೆಯ ಗತಿ ಏನಾಗುವುದೋ ಎಂದು ಕಾಯುತ್ತಿದ್ದೇನೆ. ಗೊತ್ತಾದ ಕೂಡಲೇ ಬರೆ.

ನಿನ್ನ
ಲೆವಿನಾ

•

ಔಡೆಪೋಲ್ಡರ್
2 ನವೆಂಬರ್ 1974

ಲೆವಿನಾ,

ಕ್ರೈನಾ ಬರೆಯುತ್ತೇನೆಂದಳು. ಇದನ್ನು ನಾನೇ ಬರೆಯುತ್ತೇನೆ ಎಂದೆ.

ಅಂದು ಮಿಡ್ಡಲ್‌ಬರ್ಗಿನಲ್ಲಿ ಸೈಕಲ್ ನಿಲ್ಲಿಸುವಾಗ ಇನ್ನೂ ಬೆಳಕಿತ್ತು, ನನ್ನದೊಂದೇ ಇತ್ತು. ವಾಪಸು ಬಂದು ನೋಡಿದರೆ ಅಕ್ಕಪಕ್ಕದಲ್ಲಿ ನಾನೇ ಹಾಕಿದ ಟೈರು, ನಾನೇ ಕೂರಿಸಿದ ಸೀಟು, ಇಸಾಕನ ಹೊಸ ಬೆಲ್. ಕಾರು ತಂದರೆ ಯಾರಾದರೂ ಗುರುತು ಹಿಡಿದಾರೆಂದು ಎಲ್ಲರೂ ಸೈಕಲ್ಲಿನಲ್ಲಿ ಬಂದಿದ್ದರು. ಊರಿನ ಸೈಕಲ್ಲುಗಳನ್ನು ರಿಪೇರಿ ಮಾಡುವವನು ಯಾರೆಂದು ಒಬ್ಬನಿಗೂ ಹೊಳೆದಿರಲಿಲ್ಲ. ಹದಿನಾಲ್ಕು ಕಿಲೋಮೀಟರು ಹನ್ನೊಂದು ಜನ ಸಾಲಾಗಿ, ಒಂದು ಮಾತಿಲ್ಲದೆ, ಎದುರುಗಾಳಿಯಲ್ಲಿ ಊರಿಗೆ ಬಂದೆವು. ಅರ್ಧ ದಾರಿಯಲ್ಲಿ ಯಾರೋ ಎರಡು ಸಲ ಕೆಮ್ಮಿದರು. ಆಮೇಲೆ ಸೈಕಲ್ ನಿಲ್ಲಿಸಿ ನಗಬೇಕಾಯಿತು.

ನಿನ್ನೆ ಸಂಜೆ ಸಭೆ ಸೇರಿತು. ಹೊಸ ಪಾದ್ರಿಗಳು, "ಮರೀನುಸ್ ಅವರು ನಾಟಕಶಾಲೆಗೆ ಹೋಗಿದ್ರು ಅಂತ ಸುದ್ದಿ ಬಂದಿದೆ. ಕಣ್ಣಾರೆ ಕಂಡವರು ಯಾರಾದ್ರೂ ಇದ್ದೀರಾ?" ಎಂದು ಕೇಳಿದರು. ಯಾರೂ ಬಾಯಿ ಬಿಡಲಿಲ್ಲ. ಕಂಡೆ ಎನ್ನಲು ಅಲ್ಲಿ ಇರಬೇಕಲ್ಲ. ಇಸಾಕ್ ತನ್ನ ಬೂಟು ನೋಡುತ್ತ ಕೂತ. "ಹಿಂದಿನ ಚಕ್ರ ಹೇಗಿದೆ ಇಸಾಕ್? ಮಿಡ್ಡಲ್‌ಬರ್ಗಿನ ಕಲ್ಲುರಸ್ತೆ ಟೈರಿಗೆ ಒಳ್ಳೇದಲ್ಲ" ಎಂದೆ. ಅವನಿಗೆ ಕೆಮ್ಮು ಹತ್ತಿಕೊಂಡಿತು.

ಅಲ್ಲಿಗೆ ಮುಗಿಸಬಹುದಿತ್ತು. ನನಗೆ ಸಾಲದೆನಿಸಿತು. ಎದ್ದು ನಿಂತು, "ಹೋಗಿದ್ದೆ. ಅಲ್ಲಿ ಹಳೆಯ ಪಾದ್ರಿಗಳ ಹಾಗೆ ಮಾತಾಡಿದ್ದು ನನ್ನ ಮಗಳು. ಆದರೆ ಅದು ಅವಳದ್ದಲ್ಲ, ನನ್ನದು. ಇಪ್ಪತ್ತಾರು ವರ್ಷ ಪ್ರತಿ ಭಾನುವಾರ ನನ್ನ ಮನೆ ಮೇಜಿನಲ್ಲಿ ನಾನು ಮಾಡಿದ್ದು. ಮಣೆ ಬಿಡಬೇಕಾದರೆ ಅದಕ್ಕೆ ಬಿಡ್ತೀನಿ" ಎಂದೆ.

ಹೊಸ ಪಾದ್ರಿಗಳು ಕುರ್ಚಿಯನ್ನು ನನ್ನ ಕಡೆಗೆ ತಿರುಗಿಸಿಕೊಂಡರು. "ಹಳೆಯ ಪಾದ್ರಿಗಳನ್ನ ನಾನು ನೋಡೇ ಇಲ್ಲ. ಈ ಊರಲ್ಲಿ ದಿನಾ ಅವರ ಹೆಸರು ಕೇಳ್ತೀನಿ. ನಿಜವಾಗ್ಲೂ ಹೇಗಿದ್ರು?" ಎಂದು ಕೇಳಿದರು.

ಲೆವಿನಾ, ನಾನು ಕರವಸ್ತ್ರ ತೆಗೆದು ಕುತ್ತಿಗೆಗೆ ಸಿಕ್ಕಿಸಿಕೊಂಡೆ.

ನಿನ್ನಮ್ಮ ಹೋದಮೇಲೆ ಮಾಡಿರಲಿಲ್ಲ. ಒಂದು ಸಲ ಕೆಮ್ಮಿದೆ. ಎರಡನೆಯ ಕೆಮ್ಮಿಗೆ ಆರು ಹಿರಿಯರ ಕೈ ಆರು ಜೇಬಿಗೆ ಹೋಯಿತು. ಮೊದಲು ನಕ್ಕವನು ಇಸಾಕ್. ಆಮೇಲೆ ಹೊಸ ಪಾದ್ರಿಗಳು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ಮಣೆಯ ಮಾತನ್ನು ಮತ್ತೆ ಯಾರೂ ಎತ್ತಲಿಲ್ಲ. ನಾಳೆ ಎಂದಿನಂತೆ ನುಡಿಸುತ್ತೇನೆ.

ಎಲ್ಲರೂ ಎದ್ದಾಗ ನಾನು ಯಾಕೆ ಏಳಲಿಲ್ಲ ಎಂದು ನೀನು ಯೋಚಿಸಿರುತ್ತೀಯ. ನಿನ್ನಮ್ಮ ಪಕ್ಕದಲ್ಲಿದ್ದಿದ್ದರೆ ಎಂದುಕೊಳ್ಳುತ್ತಿದ್ದೆ.

ಒಂದು ಮಾತು. ಕೊನೆಯ ಹಾಡಿಗೆ ನೀನು ಸ್ವಲ್ಪ ಅವಸರ ಮಾಡಿದೆ. ಹಾಡಿಗೆ ಮುಂಚಿನ ಮೌನ ಪೂರ್ತಿಯಾಗಲು ಬಿಡು. ಜನ ಎಲ್ಲಿಗೂ ಓಡಿಹೋಗುವುದಿಲ್ಲ. ಇದು ನನಗೆ ಗೊತ್ತಿದ್ದದ್ದೇ, ನಿನ್ನೆ ಸಭೆಯಲ್ಲಿ ಮೊದಲ ನಗು ಬಂದಾಗ ಇನ್ನೂ ಚೆನ್ನಾಗಿ ಗೊತ್ತಾಯಿತು. ಆ ಸದ್ದು ಕೇಳಿದಾಗ ಹೊಟ್ಟೆಯೊಳಗೆ ಏನಾಗುತ್ತದೆ ಎಂದು ನಿನಗೆ ಬರೆಯಬೇಕಾಗಿಲ್ಲ. ಮೊದಲೆಲ್ಲ ಹೇಳುತ್ತಿದ್ದ ಹಾಗೆ ಅದನ್ನು ಬಿಟ್ಟು ಮನೆಗೆ ಬಾ ಎಂದು ನಿನಗೆ ಇನ್ನು ಹೇಳುವುದಿಲ್ಲ.

ಹೇಗ್ ನಗರದಲ್ಲಿ ಡಿಸೆಂಬರಿನಲ್ಲಿ ಆಟವಿದೆ ಎಂದು ಪತ್ರಿಕೆಯಲ್ಲಿ ನೋಡಿದೆ. ಮೂರು ಟಿಕೆಟ್ ಕಳಿಸು. ಕ್ರೈನಾಳಿಗೆ ಅಷ್ಟರಲ್ಲಿ ನಡೆಯಲಾಗುತ್ತದೆ. ಮೂರನೆಯದು ಇಸಾಕನಿಗೆ, ಅವನು ಬಾಯಿಬಿಟ್ಟು ಕೇಳುವವನಲ್ಲ. ದಾರಿಯ ಪಕ್ಕದ ಕುರ್ಚಿ ಕೊಡು, ಮಂಡಿ ಚಾಚಬೇಕು.

ಪೆಪ್ಪರ್‌ಮಿಂಟ್ ನಾನು ತರುತ್ತೇನೆ.

ಅಪ್ಪ